ಎಮ್ಮಿಬೆನ್ನು

ಕುಷ್ಟಗಿ ಸೀಮೆಯ ಕೆಂಚಿಹಾಳದಾಚೆ
ಮೂರು ಮೈಲಿ ಉದ್ದ ಮಲಗಿದ ಮಣ್ಣಿನ ಏರಿಗೆ
ಊರವರಿಟ್ಟ ಹೆಸರು ಎಮ್ಮಿಬೆನ್ನು.
ಕೆರೆಯಿಲ್ಲದ ಏರಿ.
ನೀರು ಯಾವ ಕಡೆಯೂ ನಿಂತದ್ದಿಲ್ಲ.

ಇಲಾಖೆಯ ಫೈಲಿನಲ್ಲಿ: ಗಡಿ ಒಡ್ಡು, ಕಾಲ ಅನಿಶ್ಚಿತ.
ಕುರಿ ಕಾಯುವ ಗಾದೆಪ್ಪನ ಪ್ರಕಾರ ದನಗಳ್ಳರಿಗೆ ಅಡ್ಡ:
ಕಳ್ಳ ಹಾರಿ ಬಂದಾನು,
ಹೊಡಕೊಂಡು ಹೋಗುವ ದನ ಏರೀತೇ?
ನಮ್ಮ ಸಾಹೇಬರ ಸೂತ್ರ ಇನ್ನೂ ಸರಳ,
ಕಂದಕ ಯಾವ ಮಗ್ಗುಲಿಗೋ ವೈರಿ ಆ ಮಗ್ಗುಲಿಗೆ.
ಅಗೆದೆವು.
ಎರಡೂ ಮಗ್ಗುಲಿಗೆ ಇತ್ತು ಕಂದಕ.

ನಾನು ಚಿತ್ರ ಬರೆಯುವವಳು.
ಆಳುದ್ದ ಕೊರೆದ ಮಣ್ಣಿನೆದುರು ಕುಕ್ಕರಗಾಲಲ್ಲಿ ಕೂತು
ಪದರ ಪದರ ಅಳೆದು ಗ್ರಾಫ್ ಹಾಳೆಗಿಳಿಸುವವಳು.
ಇಲ್ಲಿ ಪದರವಿರಲಿಲ್ಲ, ಬರೀ ಕಲೆ.
ಕಪ್ಪು, ಕೆಂಪು, ಮತ್ತೆ ಕಪ್ಪು,
ಒರಗಿಸಿಟ್ಟ ರೊಟ್ಟಿಗಳಂತೆ ಒಂದರ ಮೈಗೊಂದು.
ಪೆನ್ಸಿಲ್ ಕಚ್ಚಿಕೊಂಡು ಕೂತಿದ್ದೆ.

ಮಣ್ಣು ಹೊರಲು ಬಂದಿದ್ದ ಹುಲಿಗೆವ್ವ
ತಲೆಯ ಸಿಂಬಿ ತೆಗೆಯದೆಯೇ ಬಗ್ಗಿ ನೋಡಿದಳು.
"ಪುಟ್ಟಿ ಅದು, ಯವ್ವಾ.
ಒಂದು ಪುಟ್ಟಿ ಮಣ್ಣು ಸುರುವಿದ್ರ ಹಿಂಗ ಬೀಳತೈತಿ."
ತನ್ನ ಪುಟ್ಟಿ ತಂದು ಕಲೆಗೆ ಹಿಡಿದಳು.
ಬಾಯಿಗೆ ಬಾಯಿ ಸರಿಹೋಯಿತು.

ಆಮೇಲೆ ಕೆಳಗೊಂದು ಕಡೆ ಬೆರಳಿಟ್ಟು,
"ಇದು ಹುಡುಗರದು."
ಹೌದು, ಅಲ್ಲಲ್ಲಿ, ಬೊಗಸೆಗಿಂತ ತುಸು ದೊಡ್ಡವು,
ಸಾಲು ತಪ್ಪಿ ಬಿದ್ದವು.

ಏರಿಯ ಈಚೆಗೆಲ್ಲ ಎರೆಭೂಮಿ,
ಆಚೆಗೆ ಇಳಿದರೆ ಮಸಾರಿ.
ಕಪ್ಪು ಹೊತ್ತವರು, ಕೆಂಪು ಹೊತ್ತವರು
ಎದುರುಬದುರು ಹತ್ತಿ ಬಂದು, ನೆತ್ತಿಯಲ್ಲಿ
ದಾರಿ ಬಿಡು ಎಂದಿರಬೇಕು ಒಬ್ಬರಿಗೊಬ್ಬರು,
ಯಾವ ನುಡಿಯಲ್ಲೋ.

ಸಾಹೇಬರಿಗೆ ತೋರಿಸಿದೆ.
"ಒಪ್ಪಂದದ ಗಡಿ" ಎಂದು ಬರೆದುಕೊಂಡು
ಮುಂದೊಂದು ಪ್ರಶ್ನೆ ಚಿಹ್ನೆ ಹಾಕಿದರು.

ಬುತ್ತಿ ಬಿಚ್ಚುವಾಗ ಹುಲಿಗೆವ್ವನನ್ನು ಕೇಳಿದೆ,
ಯಾತಕ್ಕೆ ಕಟ್ಟಿರಬಹುದು?
"ಕಟ್ಟು ಅಂದಿರಬೇಕು, ಕಟ್ಯಾರ.
ಹೊರೋರಿಗೆ ಯಾರು ಹೇಳತಾರ?
ಈಗ ಯಾತಕ್ಕ ಅಗಿಸಾಕತ್ತೀರಿ,
ನನಗ ಹೇಳೀರೇನು?"
ಉಳ್ಳಾಗಡ್ಡಿ ಗುದ್ದಿ ಅರ್ಧ ನನಗೆ ಕೊಟ್ಟಳು.

ಅಗೆತ ಮುಗಿದ ಮೇಲೆ ನಿಯಮದಂತೆ ಮುಚ್ಚಿಸಿದೆವು.
ರಾಶಿಯಲ್ಲಿ ಕಪ್ಪು ಕೆಂಪು ಕಲೆಸಿಹೋಗಿತ್ತು,
ಮುಂದೆ ಅಗೆದವರು ತಲೆ ಕೆರೆದುಕೊಳ್ಳಲಿ.

ನಕ್ಷೆಯ ಮೂಲೆಯಲ್ಲಿ, ಗುರುತುಗಳ ಪಟ್ಟಿಯಲ್ಲಿ
ನಾನು ಬರೆದದ್ದು ಹೀಗೆ:
ದೊಡ್ಡ ಸುತ್ತು, ಪುಟ್ಟಿ.
ಸಣ್ಣ ಸುತ್ತು, ಹುಡುಗರ ಪುಟ್ಟಿ.
ಸಾಹೇಬರು ಇನ್ನೂ ಅಳಿಸಿಲ್ಲ.