ತಟ್ಟೆಯ ಬೆನ್ನು

ಈ ಊರಲ್ಲಿ ಊಟಕ್ಕೆ ಕೂತವರು ಮೊದಲು
ತಟ್ಟೆ ಮಗುಚಿ ನೋಡುತ್ತಾರೆ.
ಮದುವೆಯಾಗಲಿ, ತಿಥಿಯಾಗಲಿ, ಯಾರ ಮನೆಯಾಗಲಿ,
ಬೆನ್ನ ಮೇಲೆ ಯಾವ ಕಾರ್ಖಾನೆಯ ಮುದ್ರೆ,
ಸ್ಟೋಕಿನದೋ, ಹೊರಗಿನದೋ.
ಆಮೇಲೆ ಆಲೂಗಡ್ಡೆ, ಆಮೇಲೆ ಬಟಾಣಿ.

ಕಲಿಸಿದವಳು ಪಕ್ಕದ ಮನೆಯ ಈನಿಡ್ ಟನಿಕ್ಲಿಫ್.
ಮೂವತ್ತೊಂದು ವರ್ಷ ಹಸಿ ಕಪ್ಪುಗಳಿಗೆ
ಕಿವಿ ಅಂಟಿಸಿದ ಕೈ.
ನನ್ನನ್ನು ಡಕ್ ಅನ್ನುತ್ತಾಳೆ. ಬಾತುಕೋಳಿಯಲ್ಲ,
ನಮ್ಮಲ್ಲಿ ಯವ್ವಾ ಅಂದಂತೆ.

ಇವತ್ತು ಗುರುವಾರ, ಮತದಾನ.
ಬರ್ಸ್ಲೆಮ್ಮಿನ ಚಾಪೆಲ್ ಹಾಲಿನಲ್ಲಿ
ಬೆಳಿಗ್ಗೆ ಏಳರಿಂದ ರಾತ್ರಿ ಹತ್ತರವರೆಗೆ
ಸ್ಕೇಲು ಹಿಡಿದು ಹೆಸರಿಗೆ ಗೀಟು ಎಳೆಯುವುದು ನನ್ನ ಕೆಲಸ.
ದಿನಗೂಲಿ ಉಂಟು, ಚಹಾ ನಮ್ಮದೇ.
ದಾರ ಕಟ್ಟಿದ ಪೆನ್ಸಿಲ್ಲು. ಬೆರಳಿಗೆ ಶಾಯಿ ಇಲ್ಲ.

ಯಾರಿಗೆ ಹಾಕಿದಿರೆಂದು ಕೇಳುವಂತಿಲ್ಲ.
ಬೂಟು ನೋಡಲು ಕಾನೂನಿನ ಅಡ್ಡಿಯಿಲ್ಲ.

ಗೋದಾಮಿನ ಹಳದಿ ಜಾಕೆಟ್ಟಲ್ಲೇ ಬಂದ ಕ್ಲೂಲೋ ಹುಡುಗ,
ಪಾರ್ಸೆಲ್ಲಿಗೆ ಇಷ್ಟು ಸೆಕೆಂಡು ಎಂದು ಅಳೆಯುವ ಯಂತ್ರ
ಮಣಿಕಟ್ಟಿನಲ್ಲಿ ಕುಯ್ಯೆನ್ನುತ್ತಿತ್ತು.
ಅಜ್ಜನ ಕಾಲದಿಂದ ನಾವು ಕೆಂಪು, ಅಂದ,
ಕೇಳದೆಯೇ. ಯಾರೂ ಮುಂದಿನ ಮಾತು ಕೇಳಲಿಲ್ಲ.
ಇಬ್ಬರು ಮಕ್ಕಳ ತಾಯಿ, ಕೈಯಲ್ಲಿ ಪುಕ್ಕಟೆ ಪಡಿತರದ ಚೀಲ,
ನಗುನಗುತ್ತಾ ಬಂದು ಹೋದಳು.
ಎರಡು ಮನೆ ಬಾಡಿಗೆಗೆ ಕೊಟ್ಟವನು
ಊರು ಕೆಟ್ಟಿತೆಂದು ಬಯ್ಯುತ್ತಾ ಬಂದ, ಬಯ್ಯುತ್ತಾ ಹೋದ.

ಮಧ್ಯಾಹ್ನ ಹಿರಿಯ ಅಧಿಕಾರಿ ಷಫಲ್‌ಬಾಟಮ್
ಪಾಠ ಒಪ್ಪಿಸಿದರು: ಬೆಲೆ ಇಷ್ಟು ಏರಿದರೆ
ಆಳುವ ಪಕ್ಷ ಇಷ್ಟು ಇಳಿಯುತ್ತದೆ, ಯುರೋಪಿನಲ್ಲೆಲ್ಲ ಹೀಗೇ,
ನಕ್ಷೆ ಬರೆದಿಟ್ಟಿದ್ದಾರಂತೆ.
ಇರಬಹುದು.
ನಮ್ಮಪ್ಪನನ್ನು ಯಾವ ನಕ್ಷೆಯಲ್ಲಿಡಲಿ?

ದಾವಣಗೆರೆಯ ಹತ್ತಿಗಿರಣಿ, ನೂಲು ಖಾತೆ.
ಪ್ರತಿ ಚುನಾವಣೆಗೂ ಬೂತಿನಿಂದ ಬಂದು
ಯಾರಿಗೆ ಒತ್ತಿದೆನೆಂದು ಓಣಿಗೆಲ್ಲ ಕೇಳುವಂತೆ ಹೇಳುತ್ತಿದ್ದ.
ಸಿಳ್ಳು ನಿಂತ ವರ್ಷವೂ ಹೋದ,
ಶಾಯಿ ಬೆರಳಿನ ಕೈಯಲ್ಲೇ ಉಂಡ,
ಅವ್ವನಿಗೂ ಹೇಳಲಿಲ್ಲ.

ಒಂಬತ್ತೂ ನಲವತ್ತಕ್ಕೆ ಈನಿಡ್.
ಮನೆಯೊಳಗೂ ತೊಡುವ ಅದೇ ಕೋಟು,
ಮೀಟರಿಗೆ ದುಡ್ಡು ತುಂಬಿದ ಚೀಟಿ
ಬಸ್ ಪಾಸಿನ ಜೊತೆ ಈಚೆ ಬಂತು.
ನನ್ನ ಗುರುತೇ ಇಲ್ಲವೆಂಬಂತೆ ಹೆಸರು ಹೇಳಿದಳು.
ಮತಪತ್ರ ಕೊಟ್ಟೆ.
ಮಗುಚಿ, ಬೆನ್ನು ನೋಡಿದಳು.

ಒಂದು ಸಂಖ್ಯೆ. ಅಷ್ಟೇ.
ಇದನ್ನ ಎಲ್ಲಿ ಮಾಡಿದ್ದು, ಡಕ್?
ಷಫಲ್‌ಬಾಟಮ್ ನಕ್ಕರು, ಆಮೇಲೆ ನಿಲ್ಲಿಸಿದರು.

ಮರೆಯೊಳಗೆ ಬಹಳ ಹೊತ್ತು.
ಪೆನ್ಸಿಲ್ಲಿನ ಒಂದು ಗೀರು ಕೇಳಿಸಿತು,
ಎರಡನೆಯದಕ್ಕೆ ಕಾದೆ.

ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ.
ಕಾರ್ಖಾನೆ ಮುಚ್ಚಿದ ಕಾಗದವೇ ದೊಣ್ಣೆ ಎಂದುಕೊಂಡಿದ್ದೆ.
ಈ ಗೇಣುದ್ದದ ಕಟ್ಟಿಗೆ ಯಾವುದು?
ತಿಗರಿ ತಿರುಗಿಸುವುದಕ್ಕೂ ಒಂದು ಕೋಲು ಬೇಕಲ್ಲ,
ಹಿಡಿದವಳ ಕೈಗಾದರೂ ಗೊತ್ತೇ,
ಇದು ಅದೋ, ಇದೋ.

ಹತ್ತಕ್ಕೆ ಪೆಟ್ಟಿಗೆಗೆ ಮುದ್ರೆ. ನಡೆದೇ ಬಂದೆ.
ಹಳೆಯ ಭಟ್ಟಿಯ ಸೀಸೆಬಾಯಿಯಲ್ಲಿ
ಯಾರೂ ನೆಡದ ಗಿಡವೊಂದು ಗಾಳಿಗೆ ಅಲುಗುತ್ತಿತ್ತು.
ಈನಿಡ್‌ಳ ಕಿಟಕಿಯಲ್ಲಿ ಟಿವಿಯ ಬೆಳಕು ಮಾತ್ರ,
ನೀಲಿ, ಆಗಾಗ ಕೆಂಪು, ಮತ್ತೆ ಯಾವುದೋ.

ನಿನ್ನೆಯ ಸಾರು ಕುದಿಯುವ ತನಕ
ಊರಿಂದ ತಂದ ಸ್ಟೀಲ್ ತಟ್ಟೆ ಮಗುಚಿದೆ,
ಇಲ್ಲಿಯ ಚಾಳಿ.
ಚುಕ್ಕೆ ಚುಕ್ಕೆಯಲ್ಲಿ ಕೊರೆದಿದೆ:
ಜಿ. ಕೊಟ್ರಪ್ಪ, ನೂಲು ಖಾತೆ, ಬೋನಸ್,
ಸಾವಿರದ ಒಂಬೈನೂರ ಎಂಬತ್ತ...
ಕೊನೆಯ ಅಂಕಿ
ಅವ್ವ ತಿಕ್ಕಿ ತಿಕ್ಕಿ ಸವೆದಿದೆ.