ಎ ಗುಂಡಿ ನನ್ನದು

ಕ್ಯಾಸೆಟ್ಟಿನ ಒಳಗೊಂದು ಬ್ಯಾಟರಿ ಇರುತ್ತದೆ,
ಹಳೇ ನಾಲ್ಕಾಣೆಯಷ್ಟು.
ಅದು ಸತ್ತರೆ ಆಟದ ನೆನಪೂ ಸತ್ತಂತೆ.
ಇಪ್ಪತ್ತು ವರ್ಷವಾದರೂ ಹೇಗೋ ಉಸಿರಾಡುತ್ತಿದೆ
ಎಂದು ರಿಪೇರಿಯ ಸಾವಂತ ಹೇಳಿದ್ದೇ ತಡ
ರೀಡರು ತರಿಸಿದೆ, ಕೇಬಲ್ಲು ತರಿಸಿದೆ,
ಟೀವಿ ಕೆಳಗಿನ ಕರಿ ಡಬ್ಬಿಗೆ
ರೋಹಿದಾಸನ ಊರನ್ನು ಸಾಗಿಸಲು ಕೂತೆ.

ಸುಳ್ಳು. ಬ್ಯಾಟರಿಗಲ್ಲ,
ಅವನ ಬಲಗೈ ಹೆಬ್ಬೆರಳಿಗೆ.
ಹೋದ ಸೀಸನ್ನಿನಲ್ಲಿ, ಹದಿನೆಂಟು ಮಾರು ನೀರಿನ ಮೇಲೆ,
ವಿಂಚಿನ ಹಗ್ಗ ತನ್ನ ಪಾಲು ಎತ್ತಿಕೊಂಡಿತು, ಗೆಣ್ಣಿನವರೆಗೆ.
"ಇಷ್ಟು ವರ್ಷ ತಿಂದದ್ದಕ್ಕೆ ಬಡ್ಡಿ" ಎಂದು
ಆಸ್ಪತ್ರೆಯಲ್ಲೇ ನಗಾಡಿದ.
ಆಮೇಲೊಂದು ರಾತ್ರಿ ಅಟ್ಟದಿಂದ ಆ ಅಂಗೈ ಗೇಮು ಇಳಿಸಿ
ಹಿಡಿದ. ಜಾರಿತು. ಹಿಡಿದ. ಜಾರಿತು.
ನಾನು ನಲ್ಲಿ ಜೋರಾಗಿ ಬಿಟ್ಟುಕೊಂಡು
ತೊಳೆದ ಪಾತ್ರೆಯನ್ನೇ ಮತ್ತೆ ತೊಳೆದೆ.

ಅದು ಬಂದದ್ದು ಮಸ್ಕತ್ತಿನಿಂದ, ಮಾಮನ ಚೀಲದಲ್ಲಿ,
ಸೋಪು, ಟಾರ್ಚು, ಖರ್ಜೂರದ ನಡುವೆ.
ಬೆಂಕಿಪೊಟ್ಟಣದಗಲದ ಕಿಟಕಿ, ಒಳಗೆ ಬೆಳಕಿಲ್ಲ.
ಬೆಳಕು ಹುಡುಕಿಕೊಂಡು ನಾವೇ ಹೋಗಬೇಕು:
ಕೋಡಿಬಾಗದ ಕೊನೆಯ ದೀಪದ ಕಂಬ,
ಕಾಳಿಯ ಹಳೇ ಸೇತುವೆ, ಈಗ ಅದೂ ನೀರೊಳಗೆ,
ಸದಾಶಿವಗಡದ ಬಸ್ಸಿನಲ್ಲಿ ಬಿಸಿಲು ಬೀಳುವ ಬದಿಯ ಸೀಟು.
ಅವನು ಆಡುವವನು. ನಾನು ಹೆಗಲಿನಾಚೆಯವಳು.
"ಈಗ ಒತ್ತು, ಈಗ!" ಎನ್ನುತ್ತಿದ್ದೆ.
"ಉಸಿರು ಬಿಡಬೇಡ ಮಾರಾಯ್ತಿ, ಗಾಜು ಮಂಜಾಗ್ತದೆ."

ಹಸಿರು ಗೆರೆ ಇರುವೆಯ ಹಾಗೆ ತೆವಳಿತು.
ತೊಂಬತ್ತೆಂಟಕ್ಕೆ ಬಂದು ನಿಂತಾಗ
ಕರೆಂಟು ಹೋಗದಿರಲೆಂದು
ಮಾಜಾಳಿಯಿಂದ ಅಂಕೋಲೆಯವರೆಗಿನ
ಎಲ್ಲ ದೇವರನ್ನೂ ಎಬ್ಬಿಸಿದೆ.
ಬಂತು.
ನಾಲ್ಕೇ ಅಕ್ಷರ ಹಿಡಿಯುವ ಜಾಗದಲ್ಲಿ ಅವನ ಅರ್ಧ ಹೆಸರು,
ಇನ್ನೂರ ಹನ್ನೊಂದು ಗಂಟೆ, ಏಳು ಜೀವ.

ಆದರೆ ಎಷ್ಟು ಚಿಕ್ಕದು! ಅಷ್ಟಗಲ ಟೀವಿಯ ನಡುವೆ
ಅಂಚೆಚೀಟಿ ಅಂಟಿಸಿದ ಹಾಗೆ.
ಎಳೆದೆ. ಹುಡುಗ ಅಡ್ಡಡ್ಡ ಊದಿ ಸಾಹುಕಾರನಾದ.
ಕುಗ್ಗಿಸಿದೆ. ನಾಲ್ಕು ಪಟ್ಟು, ಐದು ಪಟ್ಟು, ಸಾಕು.
ಕಣ್ಣು ಅಂತ ನಾವು ನಂಬಿದ್ದು
ಒಂದೇ ಒಂದು ಕಪ್ಪು ಚೌಕ.
ಹಾಯಿ ಎಂದರೆ ಹನ್ನೊಂದು ಬಿಳಿ ಇಟ್ಟಿಗೆ.

ಮಾರ್ಕೆಟ್ಟಿನಿಂದ ಬಂದ ಆಯಿ ಬುಟ್ಟಿ ಇಳಿಸಿ
ಸೊಂಟಕ್ಕೆ ಕೈಯಿಟ್ಟು ನಿಂತಳು.
"ಇದಾ? ಅಷ್ಟು ವರ್ಷ ಇಬ್ಬರೂ
ಕುತ್ತಿಗೆ ಮುರಕೊಂಡು ನೋಡ್ತಿದ್ದದ್ದು ಇದನ್ನಾ?"
ಹತ್ತಿರ ಹೋಗಿ ತೀರ್ಪು ಕೊಟ್ಟಳು:
"ಇಸೋಣದ ಬಾಲ ಹೀಗಿರೂದಿಲ್ಲ.
ಮಾಡಿದವರಿಗೆ ಮೀನು ಗೊತ್ತಿಲ್ಲ."
ಮತ್ತೆ, "ಅತ್ತ ಇತ್ತ ಕಪ್ಪು ಯಾಕೆ ಬಿಟ್ಟದ್ದು?"
"ಮೊದಲು ಅಲ್ಲಿ ನನ್ನ ಬೆರಳಿರ್ತಿತ್ತು, ಆಯಿ"
ಎಂದ ರೋಹಿದಾಸ.
ಅವಳು ಮೀನು ಕೊಯ್ಯಲು ಹಿತ್ತಲಿಗೆ ಹೋದಳು.

ಸೆಟ್ಟಿಂಗಿಗೆ ಹೋಗಿ ಬಲಗಡೆಯದನ್ನೆಲ್ಲ ಎಡಕ್ಕೆ ಹಾಕಿದೆ,
ಒಂದನ್ನು ಬಿಟ್ಟು.
ಅದನ್ನು ಎರಡನೆಯ ರಿಮೋಟಿಗೆ ಕಟ್ಟಿದೆ.
ಹಾರುವುದು, ಗಾಳ ಎಸೆಯುವುದು,
ಯಾರಾದರೂ ಕೇಳಿದರೆ ಹೌದು ಅನ್ನುವುದು:
ಎ ಗುಂಡಿ.
ಅವನು ನಡೆಸುತ್ತಾನೆ, ನಾನು ಹಾರಿಸುತ್ತೇನೆ.
ಮೂರು ಸಲ ಹೊಳೆಗೆ ಬಿದ್ದೆವು.
ನೋಡಿ ನೋಡಿ ಬಾಯಿಪಾಠವಾದ ಆಟ
ಬೆರಳಿಗೆ ಗೊತ್ತೇ ಇಲ್ಲ.
"ಈಗ ಒತ್ತು, ಈಗ!" ಎನ್ನುತ್ತಾನೆ ಅವನು.
ಕೊಂಕಣಿಯಲ್ಲಿ ಬೈದ, ಚೆನ್ನಾಗಿಯೇ ಬೈದ.

ಸಾಗಿಸಿದ್ದು ಎಂದರೆ ನಕಲು, ಅಷ್ಟೇ.
ಮೇಜಿನ ಮೇಲಿನ ಆ ಚಿಕ್ಕದರಲ್ಲಿ ಹುಡುಗ
ಇನ್ನೂ ದಂಡೆಯಲ್ಲೇ ನಿಂತಿದ್ದಾನೆ,
ಹತ್ತು ಬೆರಳಿನವನಿಗೆ ಕಾಯುತ್ತ.
ಇಲ್ಲಿ, ನಾಲ್ಕನೆಯ ಸಲಕ್ಕೆ, ದಾಟಿದೆವು.

"ಏನಾದ್ರೂ ಸಿಕ್ತಾ?" ಹಿತ್ತಲಿನಿಂದ ಆಯಿ.
ಸಿಕ್ಕಿತು, ಎನ್ನುತ್ತೇನೆ.
ಬಾಲ ತಪ್ಪಿದ್ದೇ.