ಧಕ್ಕೆ

ನಾನು ಕಾಯುತ್ತಿರುವುದು ಇನ್ನೂರ ಹನ್ನೆರಡು ಚೀಲ ಸಿಮೆಂಟು,
ಒಂದು ಮಿಕ್ಸರು, ತುಕ್ಕು ತಿಂದ ಕಂಬಿಯ ಕಟ್ಟು
ಮತ್ತು ಒಂದು ಫಲಕ: ‘ಇಲ್ಲಿ ದೋಣಿಗಳ ಧಕ್ಕೆ ನಿರ್ಮಾಣವಾಗಲಿದೆ.’
ಆ ‘ಲಿದೆ’ಗೆ ಈಗ ಆರು ವರ್ಷ.

ಎರಡನೇ ಬಿಡ್ಡಿನವನು ಕೋರ್ಟಿಗೆ ಹೋದ.
ಅವನ ಮಾತೇನೂ ಸುಳ್ಳಲ್ಲ.
ಮೊದಲನೆಯವನ ಲಕೋಟೆ ಒಡೆದಾಗ
ಅಂಟು ಇನ್ನೂ ಹಸಿಯಾಗಿತ್ತಂತೆ.
ಕಳ್ಳನನ್ನು ಹಿಡಿಯಬೇಕು, ಹಿಡಿಯಲಿ, ಅಂದೆ ನಾನೂ
ಮೊದಲ ವರ್ಷ.

ನೈರೋಬಿಯ ಮಂಡಳಿ, ಅಲ್ಲಿಂದ ಹೈಕೋರ್ಟು, ಅಲ್ಲಿಂದ ಇನ್ನೂ ಮೇಲೆ.
ವಕೀಲರು ಮೆಟ್ಟಿಲು ಹತ್ತಿದರು, ಹತ್ತಿದರು.
ಇಲ್ಲಿ ಒಮೆನಾ ಮೀನಿನ ಬುಟ್ಟಿ ಹೊತ್ತ ಹೆಂಗಸರು
ದೋಣಿಯಿಂದ ಎದೆಮಟ್ಟ ನೀರಿಗೆ ಇಳಿದರು.
ಯಾರ ಹಕ್ಕಿಗೂ ಧಕ್ಕೆಯಾಗಕೂಡದು, ಎಂದರು ನ್ಯಾಯಮೂರ್ತಿಗಳು.
ಆಗಲಿಲ್ಲ.
ಧಕ್ಕೆ ಆಗಲೇ ಇಲ್ಲ.

ಯಥಾಸ್ಥಿತಿ ಕಾಪಾಡಿ ಎಂಬ ಆದೇಶದ ನಕಲನ್ನು
ನನ್ನ ತಗಡಿನ ಬಾಗಿಲಿಗೆ ಅಂಟಿಸಿ ಹೋದರು.
ವಿಕ್ಟೋರಿಯಾ ಸರೋವರಕ್ಕೆ ಮಾತ್ರ ಯಾರೂ ನೋಟಿಸು ಜಾರಿ ಮಾಡಲಿಲ್ಲ.
ಮೂರನೇ ಮಳೆಗೆ ಅದು ಫಲಕದ ಕಾಲು ನುಂಗಿತು,
ಐದನೆಯದಕ್ಕೆ ಅಂದಾಜು ವೆಚ್ಚ.
ಸಿಮೆಂಟೂ ಆದೇಶ ಪಾಲಿಸಲಿಲ್ಲ,
ತೇವ ಕುಡಿಯುತ್ತ ಒಳಗೊಳಗೇ ಗಟ್ಟಿಯಾಯಿತು.
ಕಾಗದ ಹರಿದರೆ ಚೀಲದ ಆಕಾರದ ಕಲ್ಲು,
ಹೊಲಿಗೆಯ ಗೆರೆ ಸಮೇತ.

ಕೇಸು ಮುಗಿದ ದಿನ ನನ್ನ ಸಂಬಳವೂ ಮುಗಿಯುತ್ತದೆ.
ಇದನ್ನು ನಾನು ಯಾರ ಹತ್ತಿರವೂ ಆಡಿಲ್ಲ.

ಆವತ್ತು ನರ್ಸ್ ಅಪೊಂಡಿ, ಲಸಿಕೆಯ ಪೆಟ್ಟಿಗೆ ತಲೆಯ ಮೇಲೆ,
ನೀರಲ್ಲಿ ಕಾಲಿಟ್ಟು ಜಾರಿದಳು.
ನಾನೂರು ಮಕ್ಕಳ ಪಾಲಿನದು
ಅಂತರಗಂಗೆಯ ಹಸಿರಿನೊಳಗೆ ತೇಲುತ್ತ ಹೋಯಿತು.
ಅಳಲಿಲ್ಲ. ತೊಟ್ಟಿಕ್ಕುತ್ತ ನನ್ನ ಗುಡಿಸಲಿಗೆ ಬಂದು
ಆ ಚೀಲಗಳಲ್ಲಿ ಏನಿದೆ, ಎಂದಳು.
ಸಾಕ್ಷ್ಯ, ಎಂದೆ.
ಒಂದೊಂದು ಎಷ್ಟು ಭಾರ?
ಐವತ್ತು ಕಿಲೊ.

ಮರುದಿನ ಬೆಳಗಿನ ಜಾವ ಬಂದವರೆಲ್ಲ ಹೆಂಗಸರೇ,
ಓಡೆರೊನ ಮುದಿ ತಾಯಿಯೂ ಇದ್ದಳು, ಹಗ್ಗ ಹಿಡಿದು.
ನಾನು ಗುಡ್ಡದ ಕಡೆ ಮುಖ ಮಾಡಿ ಕೂತು
ಬೆನ್ನ ಹಿಂದೆ ಕೇಳಿದ ಸದ್ದನ್ನಷ್ಟೇ ಎಣಿಸಿದೆ:
ನಲವತ್ತೊಂದು ಸಲ, ದುಡುಂ.

ಕಳೆದ ತಿಂಗಳು ತೀರ್ಪು ಬಂತು.
ಟೆಂಡರು ರದ್ದು, ಮತ್ತೆ ಹೊಸದಾಗಿ ಕರೆಯತಕ್ಕದ್ದು.
ಗೆದ್ದವನ ಕಂಪನಿಗೆ ಬೀಗ ಬಿದ್ದು ಎರಡು ವರ್ಷ,
ಸೋತವನು ಈಗ ಬೇರೆ ಯಾವುದೋ ರಸ್ತೆ ಹಾಕುತ್ತಿದ್ದಾನೆ.

ನಿನ್ನೆ ಪಟ್ಟಿ ಹಿಡಿದು ಅಧಿಕಾರಿ ಬಂದರು.
ಎರಡೆರಡು ಸಲ ಎಣಿಸಿದರು. ನೂರ ಎಪ್ಪತ್ತೊಂದು.
ಉಳಿದದ್ದು ಎಲ್ಲಿ? ಇದು ಸರ್ಕಾರಿ ಸ್ವತ್ತು ಗೊತ್ತೇನಯ್ಯಾ,
ನೀನು ಕೋರ್ಟಿಗೆ ಬರಬೇಕಾಗುತ್ತದೆ.

ಅವರ ಬೂಟು ನೋಡಿದೆ.
ದೋಣಿಯಿಂದ ಇಳಿದು ಇನ್ನೂ ಐದು ನಿಮಿಷವಾಗಿರಲಿಲ್ಲ.
ಪಾಲಿಷು ಹಾಗೇ ಇತ್ತು.